ಕಾಲಹರಪ್ರಿಯ

ನಿನ್ನೆ ಬೆಳಿಗ್ಗೆ ಮನೆಯ ಇಂಟರ್ನೆಟ್ ಸತ್ತಿತು. ರೂಟರ್ ಮೇಲೆ ಕೆಂಪು ದೀಪ. ಕಸ್ಟಮರ್ ಕೇರ್‌ಗೆ ಫೋನ್ ಮಾಡಿದೆ. ಕನ್ನಡಕ್ಕೆ 4 ಒತ್ತಿದೆ, ದೂರಿಗೆ 2 ಒತ್ತಿದೆ, ಮನುಷ್ಯರ ಜೊತೆ ಮಾತಾಡಬೇಕಾದರೆ 9 ಅಂದರು, ಅದನ್ನೂ ಒತ್ತಿದೆ. ಆಮೇಲೆ ಶುರುವಾಯಿತು ನೋಡಿ, ಆ ಸಂಗೀತ.

ನಿಮ್ಮ ಕಂಪನಿಯದ್ದು ಬೇರೆ ಇರಬಹುದು, ಜಾತಿ ಒಂದೇ. ತಗಡಿನ ಡಬ್ಬದೊಳಗೆ ಕೂತು ಯಾರೋ ಕೀಬೋರ್ಡ್ ನುಡಿಸಿದ ಹಾಗೆ. ನಾನಿದಕ್ಕೆ ಕಾಲಹರಪ್ರಿಯ ರಾಗ ಎಂದು ಹೆಸರಿಟ್ಟಿದ್ದೇನೆ. ಕರ್ನಾಟಕ ಸಂಗೀತದ ಖರಹರಪ್ರಿಯ ರಾಗದ ದಾಯಾದಿ. ನನ್ನ ಲೆಕ್ಕದಲ್ಲಿ ಅರ್ಧ ಗಂಟೆಯಾಗಿತ್ತು. ಫೋನ್ ನೋಡಿದರೆ ನಾಲ್ಕು ನಿಮಿಷ! ಒಲೆ ಮೇಲಿದ್ದ ಕುಕ್ಕರ್ ಇನ್ನೂ ಮೊದಲನೇ ವಿಷಲ್ಲೇ ಹಾಕಿರಲಿಲ್ಲ.

ಈ ಹೋಲ್ಡ್ ಸಂಗೀತದ ಮೂಲಪುರುಷ ಆಲ್ಫ್ರೆಡ್ ಲೆವಿ ಎಂಬ ಅಮೆರಿಕದ ಕಾರ್ಖಾನೆ ಮಾಲೀಕ. ಅಲ್ಲಿನ ಫೋನ್ ವೈರೊಂದು ಕಟ್ಟಡದ ಕಬ್ಬಿಣದ ತೊಲೆಗೆ ತಾಗಿ, ಪಕ್ಕದ ರೇಡಿಯೋ ಸ್ಟೇಷನ್ನಿನ ಹಾಡು ಲೈನಿನಲ್ಲಿ ಕೇಳಿಸಿತಂತೆ. ನಾವಾಗಿದ್ದರೆ ಲೈನ್‌ಮನ್ ಕರೆಸಿ ಟೇಪ್ ಸುತ್ತಿಸುತ್ತಿದ್ದೆವು. ಈ ಪುಣ್ಯಾತ್ಮ ಕಾಯುವವರಿಗೆ ಹಾಡು ಕೇಳಿಸುವ ಉಪಾಯಕ್ಕೆ 1966ರಲ್ಲಿ ಪೇಟೆಂಟ್ ಪಡೆದ.

ಬರೀ ಸಂಗೀತವಾಗಿದ್ದರೆ ಹೇಗೋ ಸಹಿಸಬಹುದಿತ್ತು. ಮುಕ್ಕಾಲು ನಿಮಿಷಕ್ಕೊಮ್ಮೆ ಅದು ಟಕ್ಕನೆ ನಿಲ್ಲುತ್ತದೆ. ಯಾರೋ ಬಂದರು ಅಂತ ನಾನು ಗಂಟಲು ಸರಿಮಾಡಿಕೊಂಡು, "ನಮಸ್ಕಾರ ಮೇಡಂ" ಅನ್ನುತ್ತೇನೆ. "ನಿಮ್ಮ ಕರೆ ನಮಗೆ ಅತ್ಯಮೂಲ್ಯ" ಅನ್ನುತ್ತದೆ ರೆಕಾರ್ಡು. ಹೀಗೆ ನಿನ್ನೆ ಆ ರೆಕಾರ್ಡಿಗೆ ಏಳು ಸಲ ನಮಸ್ಕಾರ ಹೇಳಿದ್ದೇನೆ. ನನ್ನ ಅತ್ತೆ ಮಾವನಿಗೂ ಅಷ್ಟು ಹೇಳಿದ ನೆನಪಿಲ್ಲ. ಎಂಟನೇ ಸಲ ನಿಂತಾಗ ಸೊಕ್ಕು ಬಂತು. ಫೋನನ್ನು ಟೇಬಲ್ ಮೇಲೆ ಕುಕ್ಕಿ ಕಾಫಿ ಬಗ್ಗಿಸಿಕೊಳ್ಳಲು ಹೋದೆ.

ಎಂಟನೆಯದು ನಿಜವಾದ ಹುಡುಗಿ! "ಹಲೋ ಸರ್, ಕೇಳಿಸ್ತಿದ್ಯಾ? ಸರ್?" ಲೋಟ ಬಿಟ್ಟು ಓಡಿ ಬಂದೆ. ಕಟ್. ಶರ್ಟಿನ ಮೇಲೆ ಕಾಫಿ. ಮತ್ತೆ 4, ಮತ್ತೆ 2, ಮತ್ತೆ 9.

ಎರಡನೇ ಸುತ್ತಿಗೆ ಸ್ಪೀಕರ್ ಹಾಕಿದೆ. ಹುರುಳಿಕಾಯಿ ನಾರು ತೆಗೆಯುತ್ತಾ ಕೂತಿದ್ದ ಅಮ್ಮ ಕಿವಿಗೊಟ್ಟಳು. "ಆದಿತಾಳ ಕಣೋ ಇದು" ಅಂದವಳ ಕೈ ತಾನಾಗೇ ತೊಡೆ ತಟ್ಟತೊಡಗಿತು. ಏಟು, ಕಿರುಬೆರಳು, ಉಂಗುರದ ಬೆರಳು. ಅಷ್ಟರಲ್ಲಿ ಮತ್ತೆ "ನಿಮ್ಮ ಕರೆ ನಮಗೆ..."

"ಅಯ್ಯೋ, ತಾಳದ ಸುತ್ತು ಮುಗಿದು ಸಮಕ್ಕೆ ಬರೋಕೆ ಇನ್ನೈದೇ ಅಕ್ಷರ ಇತ್ತಲ್ಲೋ! ಈ ಹುಡುಗಿಗೆ ತಾಳಜ್ಞಾನವೇ ಇಲ್ಲ."

ರೆಕಾರ್ಡು ಮುಗಿದ ಮೇಲೆ ಸಂಗೀತ ಮತ್ತೆ ಮೊದಲಿಂದ. ನಾಲ್ಕು ಸಲವೂ ಅದೇ ಜಾಗದಲ್ಲಿ ಕತ್ತು ಹಿಸುಕಿದರು. ಇಷ್ಟು ವರ್ಷದಲ್ಲಿ ಇದರ ಕೊನೆ ಕೇಳಿದವರು ಯಾರಾದರೂ ಇದ್ದಾರಾ?

ಜರ್ಮನಿಯ ಹಾಲ್ಬರ್‌ಶ್ಟಾಟ್ ಊರಿನ ಹಳೇ ಚರ್ಚಿನಲ್ಲಿ ಅಮೆರಿಕದ ಸಂಗೀತ ಸಂಯೋಜಕ ಜಾನ್ ಕೇಜ್‌ನ ಒಂದು ಕೃತಿಯನ್ನು 2001ರಿಂದ ಆರ್ಗನ್ನಿನಲ್ಲಿ ನುಡಿಸುತ್ತಿದ್ದಾರೆ. ಮುಗಿಯುವುದು 2640ಕ್ಕೆ. ಮೊದಲ 17 ತಿಂಗಳು ಬರೀ ಮೌನ. ಸಮಾಧಾನಕ್ಕೆ ಅಂತ ಅಮ್ಮನಿಗೆ ಇದನ್ನು ಹೇಳಿದೆ. "ಅವರಿಗೆ ಮುಗಿಯೋ ವರ್ಷನಾದ್ರೂ ಗೊತ್ತಲ್ಲ" ಅಂದಳು.

ಆ ತೊಡೆ ತಟ್ಟುವ ಕೈ ನೋಡಿ ರಾಮನವಮಿ ಕಚೇರಿ ನೆನಪಾಯಿತು. ಚಾಮರಾಜಪೇಟೆಯ ಕೋಟೆ ಹೈಸ್ಕೂಲು ಮೈದಾನ, ಪೆಂಡಾಲು, ಕಬ್ಬಿಣದ ಕುರ್ಚಿ. ಕಲ್ಯಾಣಿ ಆಲಾಪನೆ ಶುರುವಾಗುತ್ತಲೇ ಅಪ್ಪ ಕಣ್ಣು ಮುಚ್ಚುತ್ತಿದ್ದರು. ಕಣ್ಣು ಬಿಡುವಷ್ಟರಲ್ಲಿ ಹನುಮಂತನಗರದ ಕೊನೇ ಬಸ್ಸು ಹೋಗಿರುತ್ತಿತ್ತು. "ಈಗ ತಾನೇ ಕೂತ್ವಲ್ಲೇ" ಅಂತ ಅಮ್ಮನ ಹತ್ತಿರ ನಿಜಕ್ಕೂ ಆಶ್ಚರ್ಯಪಡುತ್ತಿದ್ದರು. ಮೂವರೂ ನಡೆದೇ ಮನೆಗೆ. ನಾನು ಅರ್ಧ ದಾರಿ ಅಪ್ಪನ ಹೆಗಲ ಮೇಲೆ, ಅವರ ಗುನುಗು ನನ್ನ ಹೊಟ್ಟೆಗೆ ಕೇಳಿಸುತ್ತಿತ್ತು.

"ನಮಸ್ಕಾರ ಸರ್, ಹೇಳಿ."

ಹುಡುಗ! ನಿಜವಾದ ಹುಡುಗ! ಒಂದೇ ಉಸಿರಲ್ಲಿ ಕೆಂಪು ದೀಪದ ಕಥೆ ಹೇಳಿದೆ. ಅವನು ಕೇಳಿಸಿಕೊಂಡು, "ಚೆಕ್ ಮಾಡ್ತೀನಿ ಸರ್, ಎರಡು ನಿಮಿಷ ಹೋಲ್ಡ್‌ನಲ್ಲಿರಿ" ಅಂದ.

"ಈ ಸಲ ಪೂರ್ತಿ ಹಾಕೋಕೆ ಹೇಳೋ" ಅಂದಳು ಅಮ್ಮ. ಹೇಳುವ ಮೊದಲೇ ಸಂಗೀತ ಶುರುವಾಗಿತ್ತು. ಅವಳು ಹುರುಳಿಕಾಯಿ ಬುಟ್ಟಿ ಪಕ್ಕಕ್ಕಿಟ್ಟು, ಸೆರಗು ಸರಿಮಾಡಿಕೊಂಡು, ತೊಡೆಯ ಮೇಲೆ ಕೈ ಎತ್ತಿದಳು.