ಕದ್ದ ಮಾಲಿನ ಗತ್ತು

ಮೈಸೂರಿನಲ್ಲಿ ಓದುತ್ತಿರುವ ನನ್ನ ತಂಗಿಯ ಮಗ ರಜೆಗೆ ಮಂಡ್ಯಕ್ಕೆ ಬಂದಾಗಲೆಲ್ಲ ಲ್ಯಾಪ್‌ಟಾಪ್ ತೆರೆದು ತೋರಿಸುತ್ತಾನೆ. "ನೋಡಿ ಮಾವ, ಇದರ ಒರಿಜಿನಲ್ ರೇಟು ಎಷ್ಟು ಗೊತ್ತಾ? ನಂಗೆ ಸುಮ್ನೆ ಸಿಕ್ತು." ಅವನು ತೋರಿಸುತ್ತಿರುವುದು ಕ್ರ್ಯಾಕ್ ಮಾಡಿದ, ಅಂದರೆ ಲೈಸೆನ್ಸಿನ ಬೀಗ ಮುರಿದ, ಫೋಟೋಶಾಪ್. ಫೋಟೋ ತಿದ್ದುವ ಸಾಫ್ಟ್‌ವೇರ್ ಅದು. ಹಾಗಾದರೆ ಅದೇ ಕೆಲಸ ಮಾಡುವ ಜಿಂಪ್ ಹಾಕಿಕೋ, ಅದೂ ಸುಮ್ನೆ ಸಿಗುತ್ತೆ, ಯಾರಿಗೂ ಹೆದರಬೇಕಿಲ್ಲ ಎಂದರೆ ಮುಖ ಸಿಂಡರಿಸುತ್ತಾನೆ. "ಅದು ಫ್ರೀ ತಾನೇ ಮಾವ, ಏನಿರುತ್ತೆ ಅದ್ರಲ್ಲಿ?"

ಇದು ಅವನೊಬ್ಬನ ಕಾಯಿಲೆ ಅಲ್ಲ. ಕದ್ದ ಸಾಫ್ಟ್‌ವೇರ್‌ಗೆ ನಮ್ಮಲ್ಲಿ ಇರುವ ಗತ್ತು ಪುಕ್ಕಟೆ ಕೊಟ್ಟ ಸಾಫ್ಟ್‌ವೇರ್‌ಗೆ ಇಲ್ಲ. ಜೇಬಿನಿಂದ ಹೋಗುವುದು ಎರಡಕ್ಕೂ ಸೊನ್ನೆಯೇ. ದುಡ್ಡಿಲ್ಲದೆ ಕ್ರ್ಯಾಕ್ ಹಾಕಿಕೊಳ್ಳುತ್ತಾರೆ ಅನ್ನೋದನ್ನು ಅದಕ್ಕೇ ನಾನು ಪೂರ್ತಿ ನಂಬುವುದಿಲ್ಲ. ದೊಡ್ಡ ರೇಟಿನದು ನಮ್ಮ ಹತ್ತಿರ ಇದೆ ಎಂಬ ಖುಷಿ ಅದರಲ್ಲಿ ಅರ್ಧ.

ಆ ಖುಷಿಗೆ ನಾವು ಏನೇನು ಮಾಡುತ್ತೇವೆ ನೋಡಿ. ಕ್ರ್ಯಾಕಿನ ಜೊತೆ ಬರುವ ಸೂಚನೆಯಲ್ಲಿ ಸಾಮಾನ್ಯವಾಗಿ ಮೊದಲ ಸಾಲೇ "ಆಂಟಿವೈರಸ್ ಆಫ್ ಮಾಡಿ". ರಾತ್ರಿ ಬಂದ ಅಪರಿಚಿತ "ಮೊದಲು ನಾಯಿ ಕಟ್ಟಿಹಾಕಿ, ಆಮೇಲೆ ಬಾಗಿಲು ತೆಗೀರಿ" ಅಂದ ಹಾಗೆ. ನಾವು ಕಟ್ಟಿಹಾಕುತ್ತೇವೆ! ಆಮೇಲೆ ಅದೇ ಕಂಪ್ಯೂಟರಿನಲ್ಲಿ ಬ್ಯಾಂಕಿನ ಪಾಸ್‌ವರ್ಡ್ ಒತ್ತುತ್ತೇವೆ. ಕಾನೂನೂ ಇದೆ. 1957ರ ಕೃತಿಸ್ವಾಮ್ಯ ಕಾಯ್ದೆಯ 63ಬಿ ಕಲಂ ಪ್ರಕಾರ, ಗೊತ್ತಿದ್ದೂ ಕಳ್ಳ ಪ್ರತಿ ಬಳಸಿದರೆ 7 ದಿನದಿಂದ 3 ವರ್ಷದವರೆಗೆ ಜೈಲು, 50 ಸಾವಿರದಿಂದ 2 ಲಕ್ಷ ರೂಪಾಯಿವರೆಗೆ ದಂಡ. ಹುಡುಗನಿಗೆ ಇದನ್ನೂ ಹೇಳಿದೆ. "ಯಾರು ಬರ್ತಾರೆ ಬಿಡಿ ಮಾವ" ಅಂದ.

ತಮಾಷೆ ಅಂದರೆ ಅವನು ಸಿನಿಮಾ ನೋಡುವುದು ವಿಎಲ್‌ಸಿಯಲ್ಲಿ. ಕಿತ್ತಳೆ-ಬಿಳಿ ಪಟ್ಟೆಯ ಟ್ರಾಫಿಕ್ ಕೋನ್ ಗುರುತಿನದು ಇದೆಯಲ್ಲ, ಅದೇ. ಪ್ಯಾರಿಸ್ಸಿನ ಎಂಜಿನಿಯರಿಂಗ್ ವಿದ್ಯಾರ್ಥಿಗಳು ಶುರು ಮಾಡಿದ ಕೆಲಸ ಅದು. 2001ರಿಂದ ಜಿಪಿಎಲ್ ಎಂಬ ಲೈಸೆನ್ಸಿನಲ್ಲಿ ಎಲ್ಲರಿಗೂ ಮುಕ್ತ: ಬಳಸಬಹುದು, ತಿದ್ದಬಹುದು, ಹಂಚಬಹುದು. ಜಿಂಪ್ ಕೂಡ 1990ರ ದಶಕದಲ್ಲಿ ಬರ್ಕ್‌ಲಿಯ ಇಬ್ಬರು ವಿದ್ಯಾರ್ಥಿಗಳು ಬರೆಯಲು ಶುರು ಮಾಡಿದ್ದೇ. ಆದರೆ ವಿಎಲ್‌ಸಿಗೆ ಯಾರೂ "ಫ್ರೀ ತಾನೇ" ಅನ್ನುವುದಿಲ್ಲ. ಪಕ್ಕದಲ್ಲಿಟ್ಟು ಜಂಬ ಪಡುವಂಥ ದುಬಾರಿ ಪ್ಲೇಯರ್ ಯಾವುದೂ ನಮ್ಮ ಕಣ್ಣಿಗೆ ಬಿದ್ದಿಲ್ಲ, ಅಷ್ಟೇ.

ಹಾಗಂತ ಎಲ್ಲವೂ ಸಲೀಸು ಅಂದರೆ ಸುಳ್ಳಾಗುತ್ತದೆ. ಪತ್ರಕ್ಕೆ, ಲೆಕ್ಕಕ್ಕೆ ಪುಕ್ಕಟೆ ಸಿಗುವ ಲಿಬ್ರೆಆಫೀಸ್ ಧಾರಾಳ ಸಾಕು. ವರ್ಡ್‌ನಲ್ಲಿ ಮಾಡಿದ ಟೇಬಲ್ ಅದರಲ್ಲಿ ಕೆಲವೊಮ್ಮೆ ಆಚೀಚೆ ಸರಿಯುತ್ತದೆ, ಎಳೆದು ಕೂರಿಸಿಕೊಳ್ಳಬೇಕು. ನಿಜವಾದ ಪೇಚಾಟ ಇರುವುದು ನಮ್ಮ ಡಿಟಿಪಿ ಅಂಗಡಿಗಳಲ್ಲಿ. ಅಲ್ಲಿ ಇನ್ನೂ ಪುಟ ಜೋಡಿಸುವ ಹಳೇ ಸಾಫ್ಟ್‌ವೇರ್ ಪೇಜ್‌ಮೇಕರ್ ಆಳುತ್ತಿದೆ. ಅದರ ಏಳನೇ ಆವೃತ್ತಿ ಬಂದದ್ದು 2001ರಲ್ಲಿ, ಅದೇ ಕೊನೆಯದು. ಈಗ ಫೋನು, ಇಂಟರ್‌ನೆಟ್ಟಿನಲ್ಲಿ ಕನ್ನಡ ಮೂಡಿಸುವ ಯೂನಿಕೋಡ್ ಅದಕ್ಕೆ ಗೊತ್ತಿಲ್ಲ. ಹಾಗಾಗಿ ಎಲ್ಲ ಕೆಲಸವೂ ನುಡಿ ಎಂಬ ಕನ್ನಡ ಟೈಪಿಂಗ್ ಸಾಫ್ಟ್‌ವೇರಿನ ಹಳೇ ಫಾಂಟುಗಳಲ್ಲಿ. ನುಡಿ ಏನೋ ನ್ಯಾಯವಾಗಿಯೇ ಉಚಿತ. ಆದರೆ ಅದು ಕೂತಿರುವುದು ಕ್ರ್ಯಾಕ್ ಮಾಡಿದ ಪೇಜ್‌ಮೇಕರಿನ ತೊಡೆ ಮೇಲೆ.

ಪೇಜ್‌ಮೇಕರಿನ ಬದಲಿಗೆ ಪುಕ್ಕಟೆ ಸಿಗುವ ಸ್ಕ್ರೈಬಸ್ ಇದೆ. ಮುಂಚೆ ಅದರಲ್ಲಿ ಕನ್ನಡದ ಒತ್ತಕ್ಷರ ಚೆಲ್ಲಾಪಿಲ್ಲಿ ಆಗುತ್ತಿತ್ತು. 2024ರ ಜನವರಿಯಲ್ಲಿ ಬಂದ 1.6 ಆವೃತ್ತಿಯಲ್ಲಿ ಸರಿಯಾಗಿ ಕೂರುತ್ತದೆ. ಆದರೂ ಅಂಗಡಿಯವರು ಬದಲಾಗುವುದಿಲ್ಲ, ಮತ್ತು ಅವರನ್ನು ಸೋಮಾರಿಗಳು ಅನ್ನಲು ನನಗೆ ಬಾಯಿ ಬರುವುದಿಲ್ಲ. ಅವರ ಬಂಡವಾಳ ಇರುವುದು ಹಳೇ ಫೈಲುಗಳಲ್ಲಿ. ಈ ವರ್ಷದ ಜಾತ್ರೆ ಕರಪತ್ರ ಅಂದರೆ ಹೋದ ವರ್ಷದ ಫೈಲಿಗೆ ಹೊಸ ತಾರೀಖು. ಅಣ್ಣನ ಲಗ್ನಪತ್ರಿಕೆಯ ಮೇಲೇ ತಮ್ಮನದು. ಕರೆದಿರುವ ನೆಂಟರೆಲ್ಲ ಅವರೇ ತಾನೇ?

ಹೊಸ ಗಿರಾಕಿಯ ಕೆಲಸವನ್ನಾದರೂ ಹೊಸದರಲ್ಲಿ ಮಾಡಿ ಅಂತ ಪರಿಚಯದ ಅಂಗಡಿಯವರಿಗೆ ಹೇಳಿದೆ. "ನೀವೇ ಒಂದು ಮಾಡಿ ತೋರ್ಸಿ ಸಾರ್" ಅಂದರು. ಸ್ಕ್ರೈಬಸ್‌ನಲ್ಲೇ ಒಂದು ಗೃಹಪ್ರವೇಶದ ಕಾರ್ಡು ಮಾಡಿ, ತಲೆಬರಹಕ್ಕೆ ಬಲೂ ತಮ್ಮ ಫಾಂಟ್ ಹಾಕಿ, ಪಿಡಿಎಫ್ ತೆಗೆದುಕೊಟ್ಟೆ. ಅದೂ ಮುಕ್ತ ಲೈಸೆನ್ಸಿನ ಫಾಂಟೇ. ಅವರು ಪರದೆಯನ್ನು ಹತ್ತಿರದಿಂದ ನೋಡಿದರು, ದೂರ ಸರಿದು ನೋಡಿದರು. ತುಂಬಾ ಚೆನ್ನಾಗೈತೆ ಅಂದರು. ಆಮೇಲೆ ಗಿರಾಕಿಗಳಿಗೆ ಕೇಳಿಸದ ಹಾಗೆ ಕಿವಿಯ ಹತ್ತಿರ ಬಂದು ಕೇಳಿದರು: "ಇದರ ಕ್ರ್ಯಾಕ್ ಎಲ್ಲಿ ಸಿಕ್ತು ಸಾರ್?"