ಗೆದ್ದವರಿಗೂ ಸಿಗದ ಭೂ ಪರಿಹಾರ

ಜಮೀನು ವಶಪಡಿಸಿಕೊಳ್ಳುವಾಗ ಸರ್ಕಾರಕ್ಕಿದ್ದ ಅವಸರ, ಅದರ ಬೆಲೆ ಕೊಡುವ ಹೊತ್ತಿಗೆ ಎಲ್ಲಿ ಹೋಗುತ್ತದೆಂದು ಯಾರಾದರೂ ತಿಳಿಸಬೇಕು. ಪಹಣಿಯಲ್ಲಿ ಬಾವಿ, ಕಬ್ಬು ಎರಡೂ ನಮೂದಾಗಿದ್ದ ನಮ್ಮ ತಂದೆಯವರ ಹೊಲವನ್ನು ಭೂಸ್ವಾಧೀನಾಧಿಕಾರಿಗಳು ಖುಷ್ಕಿ (ಮಳೆಯಾಶ್ರಿತ) ಎಂದು ಲೆಕ್ಕ ಹಾಕಿ ಐತೀರ್ಪು, ಅಂದರೆ ಪರಿಹಾರದ ಮೊತ್ತ ನಿಗದಿಪಡಿಸುವ ಆದೇಶ, ಹೊರಡಿಸಿದ್ದರು. 1894ರ ಭೂಸ್ವಾಧೀನ ಕಾಯ್ದೆಯ 18ನೇ ಕಲಮಿನಡಿ ಸಿವಿಲ್ ನ್ಯಾಯಾಲಯಕ್ಕೆ ಹೋಗಿ, ವರ್ಷಗಟ್ಟಲೆ ಸಾಕ್ಷ್ಯ ನುಡಿದ ಮೇಲೆ ಪರಿಹಾರ ಹೆಚ್ಚಾಯಿತು. ಅದರ ವಿರುದ್ಧ ಸರ್ಕಾರ ಹೈಕೋರ್ಟಿಗೆ ಮೇಲ್ಮನವಿ ಸಲ್ಲಿಸಿತು.

ಅದೂ ಅವಧಿ ಮುಗಿದು ಎಷ್ಟೋ ಕಾಲವಾದ ಮೇಲೆ, ವಿಳಂಬ ಮನ್ನಿಸಬೇಕೆಂಬ ಅರ್ಜಿಯೊಂದಿಗೆ. ಕಡತ ಅಭಿಪ್ರಾಯಕ್ಕೆ ಹೋಗಿತ್ತಂತೆ, ಅಧಿಕಾರಿ ವರ್ಗವಾಗಿದ್ದರಂತೆ. ನಮ್ಮ ರಾಜ್ಯದಲ್ಲಿ ರೈತನು ನೋಟಿಸು ತಲುಪಿದ 90 ದಿನಗಳೊಳಗೆ 18ನೇ ಕಲಮಿನ ಅರ್ಜಿ ಕೊಡದಿದ್ದರೆ, ಆಸ್ಪತ್ರೆಯಲ್ಲಿದ್ದೆ ಎಂದರೂ ಜಿಲ್ಲಾಧಿಕಾರಿ ಆ ವಿಳಂಬವನ್ನು ಮನ್ನಿಸುವಂತಿರಲಿಲ್ಲ. ಕಾಲಮಿತಿಯ ವಿಷಯದಲ್ಲಿ ಸರ್ಕಾರಕ್ಕೆ ಬೇರೆ ಅಳತೆಗೋಲಿಲ್ಲವೆಂದು ಸುಪ್ರೀಂ ಕೋರ್ಟ್ 2012ರಲ್ಲೇ ಹೇಳಿದ್ದರೂ ಕಚೇರಿಗಳ ಅಭ್ಯಾಸ ಬದಲಾಗಿಲ್ಲ.

ನನ್ನನ್ನು ಹೆಚ್ಚು ಕೆರಳಿಸುವುದು ಇನ್ನೊಂದು ಸಂಗತಿ. ನಮ್ಮ ಬದುವಿಗೆ ಹೊಂದಿಕೊಂಡ ಜಮೀನು ಅದೇ ಅಧಿಸೂಚನೆಯಲ್ಲಿ ಹೋಗಿ, ಅದರ ದರ ಹೈಕೋರ್ಟಿನಲ್ಲಿ ಅಂತಿಮಗೊಂಡು, ಹಣವೂ ಪಾವತಿಯಾಗಿದೆ. ನಮಗೆ ಸಿಕ್ಕಿದ್ದು ಅದೇ ದರ. ಹೀಗಿರುವಾಗ ಈ ಮೇಲ್ಮನವಿಯಲ್ಲಿ ಹೊಸದಾಗಿ ತೀರ್ಮಾನವಾಗಬೇಕಾದುದು ಏನಿದೆ? ಇತ್ತ ಹೆಚ್ಚುವರಿ ಪರಿಹಾರದ ಮೇಲೆ, ಸ್ವಾಧೀನದ ದಿನದಿಂದ ಮೊದಲ ವರ್ಷ ಶೇ. 9, ಬಳಿಕ ಶೇ. 15ರಂತೆ ಬಡ್ಡಿ ಬೆಳೆಯುತ್ತಲೇ ಇದೆ. ಮೇಲ್ಮನವಿಗೆ ಶಿಫಾರಸು ಬರೆದ ಅಧಿಕಾರಿಯ ಸಂಬಳದಿಂದ ಅದರಲ್ಲಿ ಒಂದು ರೂಪಾಯಿಯೂ ಕಡಿತವಾಗುವುದಿಲ್ಲ. ಕಟ್ಟುವವರು ತೆರಿಗೆದಾರರು, ಅಂದರೆ ನಾವೂ ಸೇರಿದಂತೆ.

ಮೊತ್ತದ ಒಂದು ಭಾಗ ಠೇವಣಿಯಿಡಬೇಕೆಂಬ ಷರತ್ತಿನ ಮೇಲೆ ಸರ್ಕಾರಕ್ಕೆ ತಡೆಯಾಜ್ಞೆ ಸಿಕ್ಕಿತು. ಆ ಠೇವಣಿಯನ್ನು ನಾವು ಪಡೆಯಬೇಕಾದರೆ ಜಾಮೀನು ಕೊಡಬೇಕು, ಜಾಮೀನಿಗೆ ಆಸ್ತಿಯ ಪಹಣಿ ತರಬೇಕು. ಇದ್ದ ಜಮೀನನ್ನು ಸರ್ಕಾರಕ್ಕೆ ಬಿಟ್ಟುಕೊಟ್ಟವರು ಯಾರ ಪಹಣಿ ತರಬೇಕು? ಅಷ್ಟರಲ್ಲಿ ತಂದೆಯವರು ತೀರಿಕೊಂಡರು. ವಂಶವೃಕ್ಷ ಮಾಡಿಸಿ ವಾರಸುದಾರರಾದ ನಮ್ಮ ಹೆಸರನ್ನು ದಾಖಲೆಗೆ ತರುವುದರಲ್ಲಿ ಮತ್ತಷ್ಟು ಕಾಲ ಕಳೆಯಿತು. ಇಂಥ ಮೇಲ್ಮನವಿಯನ್ನು ಆರು ತಿಂಗಳೊಳಗೆ ಇತ್ಯರ್ಥಪಡಿಸಲು ಪ್ರಯತ್ನಿಸಬೇಕೆಂದು 2013ರ ಹೊಸ ಭೂಸ್ವಾಧೀನ ಕಾಯ್ದೆಯ 74ನೇ ಕಲಂ ಹೇಳುತ್ತದೆ, ಆದರೆ ನಮ್ಮದು ಹಳೆಯ ಕಾಯ್ದೆಯ ಪ್ರಕರಣ.

ಪರಿಹಾರ ಕೊಡದ ಕಾರಣಕ್ಕೆ ಅಧಿಕಾರಿಯ ಕಾರು, ಕಚೇರಿಯ ಕುರ್ಚಿ, ಕಂಪ್ಯೂಟರ್ ಜಪ್ತಿಯಾದ ಸುದ್ದಿ ಓದಿದಾಗ ರೈತರು ಅತಿರೇಕ ಮಾಡಿದರೆಂದು ಹಲವರು ಮೂಗು ಮುರಿಯುತ್ತಾರೆ. ನ್ಯಾಯಾಲಯ ಕೊಡಿಸಿದ ಹಣವನ್ನು ವಸೂಲು ಮಾಡಿಕೊಳ್ಳಲು ಕಾನೂನು ಕೊಟ್ಟಿರುವ ದಾರಿಯೇ ಅದು ಎಂಬುದು ಅವರಿಗೆ ಗೊತ್ತಿರಲಿ. ತಡೆಯಾಜ್ಞೆ ತೆರವಾಗುವವರೆಗೆ ನಮಗೆ ಆ ದಾರಿಯೂ ಇಲ್ಲ.