ಸುಂಕದವನ ಮುಂದೆ ಪೆಂಗ್ವಿನ್ ಸುಖದುಃಖ

ಬೆಂಗಳೂರಿನ ಮಾಗಡಿ ರಸ್ತೆಯಲ್ಲಿ ಸುಂಕದಕಟ್ಟೆ ಅಂತ ಒಂದು ಸ್ಟಾಪಿದೆ. ಅಲ್ಲೀಗ ಸುಂಕ ಕೇಳುವವರು ಯಾರೂ ಇಲ್ಲ. ಟ್ರಾಫಿಕ್ ಮಾತ್ರ ದಿನಾ ನಮ್ಮ ಆಯುಷ್ಯದಲ್ಲಿ ಅರ್ಧ ಗಂಟೆ ಮುರಿದುಕೊಳ್ಳುತ್ತದೆ. ಆ ಸ್ಟಾಪಿನಲ್ಲಿ ಬಸ್ಸಿಗೆ ಕಾಯುತ್ತಲೇ ನಾನು ಪೆಂಗ್ವಿನ್ ಸುದ್ದಿ ಓದಿದ್ದು.

2025ರ ಏಪ್ರಿಲ್ 2ರಂದು ಡೊನಾಲ್ಡ್ ಟ್ರಂಪ್ ಶ್ವೇತಭವನದ ಗುಲಾಬಿ ತೋಟದಲ್ಲಿ ದೊಡ್ಡ ಬೋರ್ಡು ಹಿಡಿದು ನಿಂತು, ಯಾವ ದೇಶಕ್ಕೆ ಎಷ್ಟು ಸುಂಕ ಎಂದು ಓದಿದ್ದರು. ಜೊತೆಗೆ ಹಂಚಿದ ಉದ್ದದ ಪಟ್ಟಿಯಲ್ಲಿ ಹರ್ಡ್ ಮತ್ತು ಮೆಕ್‌ಡೊನಾಲ್ಡ್ ದ್ವೀಪಗಳ ಹೆಸರೂ ಇತ್ತು. ಶೇ 10. ಆಸ್ಟ್ರೇಲಿಯಾಕ್ಕೆ ಸೇರಿದ ಈ ದ್ವೀಪಗಳು ಅಂಟಾರ್ಕ್ಟಿಕಾ ಕಡೆಗಿವೆ. ಅಲ್ಲಿ ಹಿಮ ಇದೆ, ಜ್ವಾಲಾಮುಖಿ ಇದೆ, ಸೀಲ್‌ಗಳಿವೆ, ರಾಶಿ ರಾಶಿ ಪೆಂಗ್ವಿನ್‌ಗಳಿವೆ. ಮನುಷ್ಯರಿಲ್ಲ. ಒಂದು ಟೀ ಅಂಗಡಿಯೂ ಇಲ್ಲ.

ಇದೇನಪ್ಪಾ ಎಂದು ಕೇಳಿದವರಿಗೆ ಅಮೆರಿಕದ ವಾಣಿಜ್ಯ ಸಚಿವ ಹೊವಾರ್ಡ್ ಲಟ್ನಿಕ್ ಉತ್ತರ ಕೊಟ್ಟರು. ಯಾವುದೇ ಜಾಗವನ್ನು ಪಟ್ಟಿಯಿಂದ ಬಿಟ್ಟರೆ ಉಳಿದ ದೇಶದವರು ಅಲ್ಲಿಂದ ಸಾಮಾನು ನುಗ್ಗಿಸುತ್ತಾರಂತೆ! ಅಂದರೆ ಚೀನಾದವರು ಟಿವಿಗಳನ್ನು ತಂದು ಹಿಮದ ಮೇಲೆ ಇಳಿಸಬೇಕು. ಪೆಂಗ್ವಿನ್‌ಗಳು ಸಾಲಾಗಿ ನಿಂತು ಸ್ಟಿಕ್ಕರ್ ಅಂಟಿಸಬೇಕು. ಪೆಂಗ್ವಿನ್‌ಗೆ ಕೈಯಿಲ್ಲ ಅನ್ನುವುದು ಬೇರೆ ಮಾತು. ಇರುವುದು ಕರಿ ಕೋಟು ಮಾತ್ರ, ವಕೀಲರ ಹಾಗೆ. ವಾದ ಮಾಡೋಣ ಅಂದರೂ ಎಲ್ಲಿ? ಸುಂಕದವನ ಮುಂದೆ ಸುಖದುಃಖ ಹೇಳಿಕೊಂಡು ಉಪಯೋಗವಿಲ್ಲ ಅಂತ ನಮ್ಮ ಹಿರಿಯರು ಆಗಲೇ ತೀರ್ಪು ಕೊಟ್ಟಿದ್ದಾರೆ.

ನಮ್ಮ ದೇಶದ ಲೆಕ್ಕ ಇನ್ನೂ ಚೆನ್ನಾಗಿತ್ತು. ಬೋರ್ಡಿನಲ್ಲಿ ಭಾರತದ ಎದುರು ಎರಡು ಅಂಕಿ: ನಾವು ಅವರಿಗೆ ಹಾಕುವುದು ಶೇ 52, ಅವರು ನಮಗೆ ಹಾಕುವುದು ಶೇ 26. ಪಾಪ, ಅರ್ಧಕ್ಕರ್ಧ ರಿಯಾಯಿತಿ! ಆದರೆ ಆ 52 ನಮ್ಮ ಯಾವ ಸುಂಕದ ಪುಸ್ತಕದಲ್ಲೂ ಇಲ್ಲ. ಒಂದು ವರ್ಷದಲ್ಲಿ ನಾವು ಅಮೆರಿಕಕ್ಕೆ ಮಾರಿದ ಸರಕು ಸುಮಾರು 8,740 ಕೋಟಿ ಡಾಲರ್. ನಮಗೆ ಮಾರಿದ್ದಕ್ಕಿಂತ ನಮ್ಮಿಂದ ಕೊಂಡದ್ದೇ ಜಾಸ್ತಿಯಾಗಿ ಅವರಿಗೆ ಆದ ಕೊರತೆ ಸುಮಾರು 4,570 ಕೋಟಿ. ಕೊರತೆಯನ್ನು ಮಾರಾಟದಿಂದ ಭಾಗಿಸಿದರೆ ಶೇ 52. ಅದನ್ನೇ ‘ಸುಂಕ’ ಅಂತ ಕರೆದರು. ಆಷಾಢ ಸೇಲ್ ನೋಡಿದ ಯಾವ ಹೆಂಗಸಿಗಾದರೂ ಇದು ಥಟ್ಟನೆ ಅರ್ಥವಾಗುತ್ತದೆ. ಮೊದಲು ಚೀಟಿಯಲ್ಲಿ ಡಬಲ್ ರೇಟು ಬರೆಯುವುದು, ಆಮೇಲೆ ಅದನ್ನು ಹೊಡೆದುಹಾಕಿ ಅರ್ಧ ಮಾಡುವುದು. ಸೀರೆ ಅಂಗಡಿಯವರು ಕೊನೆಗೆ ಒಂದು ಕೈಚೀಲವನ್ನಾದರೂ ಕೊಡುತ್ತಾರೆ.

ಇಷ್ಟು ಸಣ್ಣ ಭಾಗಾಕಾರ ಅಂತ ಜನ ನಗಬಾರದಲ್ವಾ? ಅದಕ್ಕೆ ಅಮೆರಿಕದ ವ್ಯಾಪಾರ ಕಚೇರಿ ಒಂದು ಸೂತ್ರ ಪ್ರಕಟಿಸಿತು. ಅದರಲ್ಲಿ ಎಪ್ಸಿಲಾನ್, ಫೈ ಅಂತ ಗ್ರೀಕ್ ಅಕ್ಷರಗಳು. ಎಪ್ಸಿಲಾನ್ ಬೆಲೆ 4. ಫೈ ಬೆಲೆ 0.25. ಎರಡನ್ನೂ ಗುಣಿಸಬೇಕು. ನಾಲ್ಕು ಕಾಲು ಸೇರಿದರೆ ಒಂದು ಅಂತ ನಮಗೆ ಮಗ್ಗಿ ಹೇಳಿಕೊಟ್ಟ ಮೇಷ್ಟ್ರು ಬೆತ್ತ ಹಿಡಿದು ಕಲಿಸಿದ್ದರು. ಗ್ರೀಸ್‌ನಿಂದ ಅಷ್ಟು ದೂರ ಬಂದ ಇಬ್ಬರು ಅತಿಥಿಗಳು ಲೆಕ್ಕವನ್ನು ಮುಟ್ಟದೆ, ಫೋಟೋಗೆ ನಿಂತು ಹೋದರು.

ಆಗಸ್ಟ್‌ನಲ್ಲಿ ಇನ್ನೊಂದು ಕಂತು ಬಂತು. 7ನೇ ತಾರೀಖಿಗೆ ಆ 26ರ ಬದಲು ಶೇ 25, 27ನೇ ತಾರೀಖಿಗೆ ಅದರ ಮೇಲೆ ಮತ್ತೆ 25. ಎರಡನೆಯದು ರಷ್ಯಾದಿಂದ ಎಣ್ಣೆ ಕೊಂಡಿದ್ದಕ್ಕೆ ದಂಡ. ನಮಗಿಂತ ಜಾಸ್ತಿ ಎಣ್ಣೆ ಕೊಳ್ಳುವ ಚೀನಾಕ್ಕೆ ಆ ದಂಡ ಇರಲಿಲ್ಲ. ಅಮೆರಿಕವೇ ರಷ್ಯಾದಿಂದ ಯುರೇನಿಯಂ, ಗೊಬ್ಬರ ತರಿಸುತ್ತದಲ್ಲ ಅಂತ ನಮ್ಮ ವಿದೇಶಾಂಗ ಇಲಾಖೆ ನೆನಪಿಸಿತು. ಅದೂ ಸುಂಕದವನ ಮುಂದೆ ಹೇಳಿಕೊಂಡ ಸುಖದುಃಖವೇ.

ನಮ್ಮ ಬೀದಿಯಲ್ಲಿ ಗಾರ್ಮೆಂಟ್ಸಿಗೆ ಹೋಗುವ ಅಕ್ಕ ಒಬ್ಬರಿದ್ದಾರೆ. ಶರ್ಟಿಗೆ ಕಾಲರ್ ಕೂರಿಸುವುದು ಅವರ ಕೆಲಸ. ಇಡೀ ಶರ್ಟು ಹೊಲಿದದ್ದಿಲ್ಲ, ಬರೀ ಕಾಲರ್, ಹನ್ನೊಂದು ವರ್ಷದಿಂದ. ಆಗಸ್ಟ್ ಕೊನೆಗೆ ಓಟಿ ನಿಂತಾಗ ಸೂಪರ್‌ವೈಸರ್ ಕಾರಣ ಹೇಳಿದರಂತೆ. ಅಕ್ಕ ಬಂದು ನನ್ನನ್ನು ಕೇಳಿದರು: “ರಷ್ಯಾ ಎಣ್ಣೆನ ನಾನ್ಯಾವಾಗ ತಂದೆ? ನಾನು ತರೋದು ಅರ್ಧ ಲೀಟರ್ ಸನ್‌ಫ್ಲವರ್ ಪ್ಯಾಕೆಟ್ಟು.” ಸೂರ್ಯಕಾಂತಿ ಎಣ್ಣೆಯೂ ರಷ್ಯಾದಿಂದ ಹಡಗುಗಟ್ಟಲೆ ಬರುತ್ತದೆ ಅಂತ ಹೇಳಲು ನನಗೆ ಬಾಯಿ ಬರಲಿಲ್ಲ. ಸುಮ್ನೆ ಯಾಕೆ ಅವರನ್ನೂ ಆರೋಪಿ ಮಾಡುವುದು?

ಇದರಲ್ಲಿ ಇನ್ನೊಂದು ಚೋದ್ಯವಿದೆ. ದೇವನಹಳ್ಳಿಯಲ್ಲಿ ಜೋಡಿಸಿದ ಐಫೋನ್‌ಗೆ ಈ ದಂಡ ತಾಗಲಿಲ್ಲ, ಸ್ಮಾರ್ಟ್‌ಫೋನಿಗೆ ವಿನಾಯಿತಿ. ಪೀಣ್ಯದ ಶರ್ಟಿಗೆ ಹಳೇ ಸುಂಕದ ಮೇಲೆ ಶೇ 50 ಬಿತ್ತು. ಒಂದೇ ಊರಿನ ಎರಡು ಮೂಲೆ, ಹಡಗು ಇಳಿದ ಮೇಲೆ ಒಂದು ಸಾಧು, ಇನ್ನೊಂದು ರಷ್ಯಾದ ಏಜೆಂಟ್. ಇಷ್ಟಕ್ಕೂ ಆ ಸುಂಕವನ್ನು ಅಮೆರಿಕದ ಬಂದರಿನಲ್ಲಿ ಕಟ್ಟುವುದು ಶರ್ಟು ತರಿಸಿಕೊಂಡ ಅಲ್ಲಿನ ವ್ಯಾಪಾರಿಯೇ. ಪಕ್ಕದ ಮನೆಯವನಿಗೆ ಬುದ್ಧಿ ಕಲಿಸುತ್ತೇನೆ ಅಂತ ತನ್ನ ಮಗನ ಜೇಬಿಗೆ ಕೈ ಹಾಕಿದ ಹಾಗೆ. ಕಾಫಿಗೂ ಹೀಗೇ ಹಾಕಿದರು. ಹವಾಯಿ ಬಿಟ್ಟರೆ ಹೆಚ್ಚುಕಮ್ಮಿ ಕಾಫಿಯನ್ನೇ ಬೆಳೆಯದ ದೇಶ ಅದು. ಬೆಳಗಿನ ಕಾಫಿ ತುಟ್ಟಿಯಾಯಿತು ಅಂತ ಜನ ಗೊಣಗಿದ ಮೇಲೆ, ನವೆಂಬರ್‌ನಲ್ಲಿ ಕಾಫಿ, ಬಾಳೆಹಣ್ಣು, ಟೊಮೇಟೊ ಎಲ್ಲಕ್ಕೂ ಮಾಫಿ.

ದೂರು ಕೊಡಲು ಜಿನೀವಾದಲ್ಲಿ ವಿಶ್ವ ವ್ಯಾಪಾರ ಸಂಸ್ಥೆ ಇದೆಯಲ್ಲ ಅನ್ನುತ್ತೀರಾ? ಇದೆ. ಅದರ ಮೇಲ್ಮನವಿ ಪೀಠಕ್ಕೆ ಏಳು ಕುರ್ಚಿಗಳೂ ಇವೆ. ಹೊಸಬರ ನೇಮಕಕ್ಕೆ ಅಮೆರಿಕ ಅಡ್ಡಗಾಲು ಹಾಕಿದ್ದರಿಂದ 2019ರ ಡಿಸೆಂಬರ್‌ನಿಂದ ಅಲ್ಲಿ ಕೇಸು ಕೇಳಲು ಬೇಕಾದಷ್ಟು ಜನವಿಲ್ಲ. ಸೋತವರಿಗೆ ಇದು ವರ. ಖಾಲಿ ಕುರ್ಚಿಗಳ ಮುಂದೆ ಮೇಲ್ಮನವಿ ಹಾಕಿ ಮನೆಗೆ ಬಂದು ಮಲಗಬಹುದು.

ನಮ್ಮವರೇನು ಕಮ್ಮಿಯಿಲ್ಲ. ಕಬ್ಬಿನ ಬೆಲೆ, ಸಕ್ಕರೆ ಸಬ್ಸಿಡಿ ವಿಷಯದಲ್ಲಿ ಬ್ರೆಜಿಲ್, ಆಸ್ಟ್ರೇಲಿಯಾ, ಗ್ವಾಟೆಮಾಲ ಹೂಡಿದ ಕೇಸಿನಲ್ಲಿ 2021ರಲ್ಲಿ ಸೋತೆವು. ಮರುವರ್ಷವೇ ಆ ಖಾಲಿ ಕುರ್ಚಿಗಳಿಗೆ ನಾವೂ ಒಂದು ಅರ್ಜಿ ಕೊಟ್ಟು ಬಂದೆವು. ಮಂಡ್ಯದಲ್ಲಿ ಗಾಣ ತಿರುಗುತ್ತಲೇ ಇದೆ.

ಈರುಳ್ಳಿ ಕಥೆಯನ್ನಂತೂ ಹೇಳಲೇಬೇಕು. 2023ರ ಆಗಸ್ಟ್‌ನಲ್ಲಿ, ಊರಲ್ಲಿ ಬೆಲೆ ಏರಬಾರದು ಅಂತ ಕೇಂದ್ರದವರು ಈರುಳ್ಳಿ ರಫ್ತಿಗೆ ಶೇ 40 ಸುಂಕ ಹಾಕಿದರು. ಚಿಕ್ಕಬಳ್ಳಾಪುರ, ಕೋಲಾರದ ಬೆಂಗಳೂರು ರೋಸ್ ಈರುಳ್ಳಿಗೂ ಅದೇ. ಗುಲಾಬಿ ಬಣ್ಣದ ಆ ಪುಟಾಣಿ ಗಡ್ಡೆಯನ್ನು ನಾವು ಇಲ್ಲಿ ತಿನ್ನುವುದು ಅಷ್ಟಕ್ಕಷ್ಟೆ. ಅದು ಬೆಳೆಯುವುದೇ ಮಲೇಷ್ಯಾ, ಸಿಂಗಪುರದವರಿಗೆ. ರೈತರು ಗಲಾಟೆ ಮಾಡಿದ ಮೇಲೆ ಸೆಪ್ಟೆಂಬರ್ ಕೊನೆಗೆ ವಿನಾಯಿತಿ ಸಿಕ್ಕಿತು. ಆದರೆ ಷರತ್ತು ಒಂದಿತ್ತು. ಇದು ಅಪ್ಪಟ ಬೆಂಗಳೂರು ರೋಸ್, ಇಷ್ಟು ತೂಕ ಇದೆ ಅಂತ ರಾಜ್ಯದ ತೋಟಗಾರಿಕೆ ಆಯುಕ್ತರು ಸರ್ಟಿಫಿಕೇಟ್ ಕೊಡಬೇಕು. ನಮಗೆ ಜಾತಿ ಪ್ರಮಾಣಪತ್ರಕ್ಕೆ ಅಲೆದು ಅಭ್ಯಾಸವಿದೆ. ಈರುಳ್ಳಿಗೆ ಅದು ಹೊಸದು. ಸರಿ, ಅದನ್ನೂ ಮಾಡಿದರು. ಡಿಸೆಂಬರ್‌ಗೆ ಈರುಳ್ಳಿ ರಫ್ತನ್ನೇ ನಿಷೇಧಿಸಿದರು. ಸುಂಕ ತಪ್ಪಿಸಲು ರಾತ್ರಿಯೆಲ್ಲ ಗಾಡಿ ಹೊಡೆದವನಿಗೆ ಸುಂಕದ ಕಟ್ಟೆ ಮುಂದೆಯೇ ಬೆಳಗಾಯಿತಂತೆ.

ಮೊನ್ನೆ ನಾನೂ ಮಾರ್ಕೆಟ್ಟಿನಿಂದ ಹತ್ತು ಕೆಜಿ ಈರುಳ್ಳಿ ಹೊತ್ತು ಸುಂಕದಕಟ್ಟೆಯಲ್ಲಿ ಬಸ್ಸಿಳಿದೆ. ಕಂಡಕ್ಟರ್ ಚೀಲವನ್ನೊಮ್ಮೆ ನೋಡಿದರು, ನನ್ನನ್ನೊಮ್ಮೆ ನೋಡಿದರು. ಯಾವ ಈರುಳ್ಳಿ ಅಂತ ಕೇಳಲಿಲ್ಲ.